ಪಾಲ್ ಸೊರದಲ್ಲಿ ಹಾಲಿಲ್ಲ

1/9

ಮೊದಲೇ ಹೇಳ್ಬಿಡ್ತೀನಿ, ಇದು ಉದ್ದ ಇದೆ. ಒಂಬತ್ತು ಪೋಸ್ಟ್. ಟೀ ಹಿಡ್ಕೊಂಡು ಕೂತ್ಕೊಳ್ಳಿ. ಅಕ್ಕನ ಪರ್ಮಿಶನ್ ತಗೊಂಡೇ ಬರೀತಿದೀನಿ. ಮಗು ಫೋಟೋ ಮಾತ್ರ ಕೇಳ್ಬೇಡಿ. ದೃಷ್ಟಿ ಆಗುತ್ತೆ ಅಂತ ಅವ್ವ ನನ್ನ ಫೋನೇ ಕಿತ್ಕೋತಾಳೆ.

ಅವ್ವ ಅಂದ್ರೆ ನಮ್ಮಜ್ಜಿ. ಮುಳಬಾಗಿಲು ಕಡೆ ನಮ್ಮಂಥ ತೆಲುಗು ಮನೆಗಳಲ್ಲಿ ಅಜ್ಜೀನ ಅವ್ವ ಅಂತೀವಿ. ಉತ್ತರ ಕರ್ನಾಟಕದ ಫ್ರೆಂಡ್ಸ್ ಕನ್ಫ್ಯೂಸ್ ಆಗ್ಬೇಡಿ.

ಫೋಟೋದಲ್ಲಿರೋ ಕಪ್ಪು ಕವರ್ ಹೋದ ಭಾನುವಾರದ್ದು. ಅಕ್ಕನ್ನ ಕೊಟ್ಟಿರೋದು ಮಾಲೂರಿಗೆ. ಚೊಚ್ಚಲ ಹೆರಿಗೆ ಅಂತ ನಮ್ಮನೆಗೆ ಬಂದಿದಾಳೆ. ಮಗೂಗೆ ಅವತ್ತಿಗೆ ಹನ್ನೆರಡು ದಿನ. ಹಾಲು ಸಾಲ್ತಿಲ್ಲ. ಮಗು ಅಳುತ್ತೆ, ಅದನ್ನ ನೋಡಿ ಅಕ್ಕ ಅಳ್ತಾಳೆ, ಅವಳನ್ನ ನೋಡಿ ಅಮ್ಮ ಅಡುಗೆಮನೆಗೆ ಹೋಗಿ ಪಾತ್ರೆ ಸದ್ದು ಮಾಡ್ತಾಳೆ. ಮಾಲೂರಿಂದ ದಿನಾ ಸಂಜೆ ಫೋನು: "ಹಾಲು ಬಂತಾ?"

ಭಾನುವಾರ ಬೆಳಿಗ್ಗೆ ಅವ್ವ ಸೆರಗಿನ ಗಂಟು ಬಿಚ್ಚಿ ಐನೂರು ರೂಪಾಯಿ ಕೊಟ್ಲು. "ಪಾಲ್ ಸೊರ ತಗೊಂಡ್ಬಾ. ಸಣ್ಣದು ನೋಡಿ ತಗೋ."

ಸಮುದ್ರ ನಮ್ಮೂರಿಂದ ಇನ್ನೂರು ಕಿಲೋಮೀಟರಿಗೂ ದೂರ. ಆದ್ರೂ ಭಾನುವಾರ ಐಸ್ ಬಾಕ್ಸಲ್ಲಿ ಚೆನ್ನೈ ಕಡೆಯಿಂದ ಸಮುದ್ರದ ಮೀನು ಬರುತ್ತೆ. ಕೆರೆಮೀನು ತಿನ್ನೋ ನಮಗೆ ಸೊರದ ಮೈ ನೋಡಿದ್ರೆ ಆಶ್ಚರ್ಯ. ಪೊರೆನೇ ಕಾಣಲ್ಲ. ಬಾಲದ ಕಡೆಯಿಂದ ಕೈ ಸವರಿದ್ರೆ ಉಪ್ಪುಕಾಗದ ಸವರಿದ ಹಾಗೆ.

ಮೀನಿನಂಗಡಿ ಅಣ್ಣ ಎರಡೂವರೆ ಅಡಿ ಇರೋದೊಂದನ್ನ ತೂಕಕ್ಕೆ ಹಾಕಿ, ಹೊಟ್ಟೆ ಸೀಳಿದ. ಒಳಗೆ ಮೂರು ಮರಿ ಇದ್ವು. ಗೇಣುದ್ದ. ಮೊಟ್ಟೆ ಅಲ್ಲ, ಮರಿಗಳು. ಕಣ್ಣು, ರೆಕ್ಕೆ ಎಲ್ಲ ಇದ್ದ ಪೂರ್ತಿ ಮರಿಗಳು. ಅಣ್ಣ ಏನೂ ಆಗದವನ ಹಾಗೆ ಅವನ್ನ ಪಕ್ಕಕ್ಕೆ ತಳ್ಳಿದ. ಕೆಳಗೆ ಬೆಕ್ಕು ಕಾಯ್ತಿತ್ತು.

ಬಾಣಂತಿಗೆ ಅಂತ ತಂದ ಮೀನು ತಾನೇ ಬಸುರಿ. ಮನೆಗೆ ಬರೋವರೆಗೂ ಆ ಕವರನ್ನ ಕೈಯಲ್ಲಿ ಹಿಡಿಯೋಕೆ ಆಗ್ಲಿಲ್ಲ, ಸ್ಕೂಟಿಯ ಹುಕ್ಕಿಗೆ ನೇತಾಕಿದ್ದೆ.

2/9

ಅವತ್ತು ರಾತ್ರಿ ಗೂಗಲ್ ಮಾಡಿದೆ. ಸೊರ ಅಂದ್ರೆ ಶಾರ್ಕ್. ತಮಿಳಲ್ಲಿ ಸುರಾ, ತೆಲುಗಲ್ಲಿ ಸೊರ. ಇಷ್ಟು ವರ್ಷ ಸಿನಿಮಾದಲ್ಲಿ ಹಲ್ಲು ಕಿರಿಯೋ ಶಾರ್ಕ್ ನೋಡಿ ಕಿರುಚಿದ್ದೀನಿ, ಮನೇಲಿ ಸೊರಪುಟ್ಟು ತಿಂದಿದ್ದೀನಿ. ಎರಡೂ ಒಂದೇ ಕುಲ ಅಂತ ತಲೆಗೆ ಹೋಗಿರ್ಲಿಲ್ಲ. ನಗ್ಬೇಡಿ, ನಿಮ್ಮಲ್ಲಿ ಅರ್ಧ ಜನಕ್ಕೂ ಈಗಲೇ ಗೊತ್ತಾಗ್ತಿರೋದು.

ಇನ್ನೂ ಮಜಾ ಏನಂದ್ರೆ, ಇಂಗ್ಲಿಷಲ್ಲಿ ಈ ಮೀನಿಗೆ ಮಿಲ್ಕ್ ಶಾರ್ಕ್ ಅಂತಲೇ ಹೆಸರು. ಇದನ್ನ ತಿಂದ್ರೆ ಬಾಣಂತಿಗೆ ಹಾಲು ಹೆಚ್ಚುತ್ತೆ ಅನ್ನೋ ನಮ್ಮ ದೇಶದ ನಂಬಿಕೆಯಿಂದಲೇ ಆ ಹೆಸರು ಬಂತಂತೆ. ಅಂದ್ರೆ ನಮ್ಮವ್ವನಂಥ ಅವ್ವಂದಿರ ಮಾತು ಪ್ರಪಂಚದ ಮೀನಿನ ಪುಸ್ತಕಗಳಿಗೆ ಹೋಗಿ ಕೂತಿದೆ. (ಅಂಗಡೀಲಿ ಪಾಲ್ ಸೊರ ಅಂತ ಮಾರೋದೆಲ್ಲ ಅದೇ ಒಂದು ಜಾತಿ ಅಲ್ಲ. ಸಣ್ಣ ಸೊರ ಕಂಡ್ರೆ ಆ ಹೆಸರು ಹೇಳಿ ಮಾರ್ತಾರೆ.)

ಈ ಸೊರ ಸಾಮಾನ್ಯವಾಗಿ ಒಂದು ಮೀಟರ್ ಸುತ್ತಮುತ್ತ ಬೆಳೆಯುತ್ತೆ. ಇದು ತಿನ್ನೋದು ಸಣ್ಣ ಮೀನು, ಸಿಗಡಿ, ಕಣವೆ ಇಂಥವು. ಇದನ್ನ ದೊಡ್ಡ ಶಾರ್ಕ್‌ಗಳು ತಿಂತಾವೆ. ಇದು ಮೊಟ್ಟೆ ಇಡಲ್ಲ, ಮರಿ ಹಾಕುತ್ತೆ. ಹೊಟ್ಟೆಯೊಳಗೆ ಮರಿಗೆ ಹೊಕ್ಕುಳಬಳ್ಳಿ ಇರುತ್ತೆ, ನಮ್ಮ ಹಾಗೇ. ನಾನು ನೋಡಿದ ಆ ಮೂರೂ ಮರಿಗಳಿಗೆ ಇದ್ದಿರಬೇಕು.

ಆದ್ರೆ ಹಾಲು? ಇಲ್ಲ. ಒಂದು ಹನಿಯೂ ಇಲ್ಲ. ಶಾರ್ಕ್ ಮೀನು, ಮೀನಿಗೆ ಮೊಲೆ ಇಲ್ಲ. ಮರಿ ಹುಟ್ಟಿದ ಗಳಿಗೆಯಿಂದ ತನ್ನ ಊಟ ತಾನೇ ಹುಡುಕ್ಕೋಬೇಕು. ತಾಯಿ ತಿರುಗಿಯೂ ನೋಡಲ್ಲ.

ಹಾಗಾದ್ರೆ ಸಮುದ್ರದಲ್ಲಿ ಹಾಲು ಯಾರ ಹತ್ರ ಇದೆ?

ಈ ಪ್ರಶ್ನೆ ತಲೇಲಿ ಕೂತ್ಕೊಂಡ್ತು. ಸೋಮವಾರ ಕೋಲಾರದ ಬಸ್ಸಲ್ಲಿ ಕಿಟಕಿ ಸೀಟು ಸಿಕ್ತು. ಫೋನ್ ತೆಗೆದೆ. ಕಾಸ್ಟ್ ಅಕೌಂಟಿಂಗ್ ನೋಟ್ಸ್ ಓದಬೇಕಿತ್ತು. ಓದಿದ್ದು ತಿಮಿಂಗಿಲ.

3/9

ಫೋಟೋ: ಮುಳಬಾಗಿಲು ಬಸ್‌ಸ್ಟ್ಯಾಂಡ್, ಬೆಳಿಗ್ಗೆ 7.40. ಹಿಂದೆ ಕಾಣ್ತಿರೋ ಕ್ಯಾನ್‌ಗಳು ಹಾಲಿನವು.

ನಾವು ಹಾಲಿನ ಜಿಲ್ಲೆಯವರು. ಚಿನ್ನದ ಗಣಿ ಮುಚ್ಚಿದ್ಮೇಲೆ ಕೋಲಾರದ ಎಷ್ಟೋ ಮನೆ ನಡೆಸ್ತಿರೋದು ಹಸು. ಡೈರೀಲಿ ಫ್ಯಾಟ್ ನೋಡಿ ರೇಟ್ ಕೊಡ್ತಾರೆ, ನಾಲ್ಕರ ಹತ್ರ ಬಂದ್ರೆ ಖುಷಿ. ಈಗ ಕೇಳಿ: ತಿಮಿಂಗಿಲದ ಹಾಲಲ್ಲಿ ಫ್ಯಾಟ್ 35ರಿಂದ 50 ಪರ್ಸೆಂಟ್. ಹಾಲು ಅನ್ನೋದಕ್ಕಿಂತ ಬೆಣ್ಣೆ ಅನ್ನಬಹುದು. ನೀಲಿ ತಿಮಿಂಗಿಲದ ಮರಿ ಅದನ್ನ ಕುಡಿದು ದಿನಕ್ಕೆ ಸುಮಾರು 90 ಕೆಜಿ ತೂಕ ಏರಿಸ್ಕೊಳ್ಳುತ್ತೆ. ನಮ್ಮ ಪುಟ್ಟಿ ದಿನಕ್ಕೆ 20 ಗ್ರಾಂ ಏರಿದ್ರೆ ಸಾಕು ಅಂತ ನಾವು ಹರಕೆ ಹೊರ್ತಿದ್ವಿ.

ತಿಮಿಂಗಿಲ ಮೀನಲ್ಲ ಅಂತ ಆರನೇ ಕ್ಲಾಸಲ್ಲಿ ಓದಿದ್ದೆ. ಮಾರ್ಕ್ಸ್ ತಗೊಂಡು ಮರೆತಿದ್ದೆ. ಅದಕ್ಕೆ ಶ್ವಾಸಕೋಶ ಇದೆ, ಬಿಸಿ ರಕ್ತ ಇದೆ, ಮೊಲೆ ಇದೆ. ಆದ್ರೂ ಅದರ ಹೆಸರು ಮೀನಿನ ಹೆಸರು. ಸಂಸ್ಕೃತದಲ್ಲಿ ತಿಮಿ ಅಂದ್ರೆ ದೊಡ್ಡ ಮೀನು, ಗಿಲ ಅಂದ್ರೆ ನುಂಗೋದು. ತಿಮಿಯನ್ನ ನುಂಗೋದು ತಿಮಿಂಗಿಲ. ಅಷ್ಟಕ್ಕೇ ನಿಲ್ಲಲ್ಲ. ತಿಮಿಂಗಿಲಗಿಲ ಅಂತಲೂ ಒಂದು ಪದ ಇದೆ, ತಿಮಿಂಗಿಲವನ್ನೇ ನುಂಗೋದು!

ನಮ್ಮವ್ವಂದೂ ಇದೇ ಲೆಕ್ಕ. "ಪೆದ್ದ ಚೇಪ ಚಿನ್ನ ಚೇಪನಿ ಮಿಂಗುತುಂದಿ" ಅಂತಾಳೆ ಮಾತೆತ್ತಿದ್ರೆ. ದೊಡ್ಡ ಮೀನು ಚಿಕ್ಕ ಮೀನನ್ನ ನುಂಗುತ್ತೆ. ನಮ್ಮ ಬಿಸಿನೆಸ್ ಲೆಕ್ಚರರ್ ಕಂಪನಿ ಮರ್ಜರ್ ಪಾಠ ಮಾಡುವಾಗಲೂ ಅದನ್ನೇ ಹೇಳಿದ್ರು, ಮತ್ಸ್ಯನ್ಯಾಯ ಅಂತ.

ಆದ್ರೆ ಭೂಮಿ ಮೇಲೆ ಇದುವರೆಗೆ ನಮಗೆ ಗೊತ್ತಿರೋ ಪ್ರಾಣಿಗಳಲ್ಲೇ ಅತಿ ಭಾರದ್ದು ನೀಲಿ ತಿಮಿಂಗಿಲ, ಅದು ತಿನ್ನೋದು ಕ್ರಿಲ್. ನಿಮ್ಮ ಕಿರುಬೆರಳಿಗಿಂತ ಚಿಕ್ಕ ಸಿಗಡಿಯಂಥ ಹುಳ. ಬಾಯಲ್ಲಿ ಹಲ್ಲೇ ಇಲ್ಲ, ಜರಡಿ ಇದೆ. ನೀರು ತುಂಬ್ಕೊಂಡು ಸೋಸುತ್ತೆ. ತಿಮಿಯನ್ನ ನುಂಗೋಕೆ ಹೋಗಲ್ಲ.

ಸಮುದ್ರ ನಮ್ಮ ಗಾದೆ ಓದಿಲ್ಲ ಅನ್ಸುತ್ತೆ.

4/9

ಈಗ ಬಾಣಂತಿ ವಿಷಯಕ್ಕೆ ಬರೋಣ. ನನಗೆ ಬಸ್ಸಲ್ಲಿ ಕಣ್ಣಲ್ಲಿ ನೀರು ಬಂದಿದ್ದು ಇದನ್ನ ಓದಿ.

ಹಂಪ್‌ಬ್ಯಾಕ್ ಅಂತ ಒಂದು ತಿಮಿಂಗಿಲ. ಗೂನು ಬೆನ್ನಿಂದು. ತಣ್ಣನೆ ಸಮುದ್ರದಲ್ಲಿ ತಿಂದು ಕೊಬ್ಬು ಕೂಡಿಸ್ಕೊಂಡು, ಸಾವಿರಾರು ಕಿಲೋಮೀಟರ್ ಈಜಿ ಬೆಚ್ಚಗಿನ ನೀರಿಗೆ ಬಂದು ಹೆರುತ್ತೆ. ಅಲ್ಲಿ ಅದಕ್ಕೆ ಊಟ ಸಿಗೋದು ಇಲ್ಲವೇ ಇಲ್ಲ ಅನ್ನೋಷ್ಟು ಕಮ್ಮಿ. ತಿಂಗಳುಗಟ್ಟಲೆ ತಾಯಿ ಉಪವಾಸ. ಆದ್ರೂ ಮೈಯಲ್ಲಿದ್ದ ಕೊಬ್ಬನ್ನ ಕರಗಿಸಿ ಹಾಲು ಮಾಡಿ ಕೊಡುತ್ತೆ.

ಸುತ್ತ ಕಾಯ್ತಿರೋರು ಯಾರು? ಶಾರ್ಕ್‌ಗಳು, ಓರ್ಕಾಗಳು. ದೊಡ್ಡ ತಿಮಿಂಗಿಲವನ್ನ ಮುಟ್ಟೋ ಧೈರ್ಯ ಶಾರ್ಕಿಗೆ ಕಮ್ಮಿ. ಆದ್ರೆ ಮರಿ ತಾಯಿಯಿಂದ ದೂರ ಆದ್ರೆ, ನಿಶ್ಶಕ್ತಿ ಆದ್ರೆ, ಕಥೆ ಮುಗೀತು. 2017ರಲ್ಲಿ ಆಸ್ಟ್ರೇಲಿಯಾದ ಪಶ್ಚಿಮ ತೀರದ ಎಕ್ಸ್‌ಮೌತ್ ಕೊಲ್ಲಿಯ ಒಂದು ಅಧ್ಯಯನ ಬಂತು. ತಾಯಿ-ಮರಿಗಳ ಮೈಗೆ ಸದ್ದು ಹಿಡಿಯೋ ಟ್ಯಾಗ್ ಅಂಟಿಸಿ ಕೇಳಿದ್ದಾರೆ. ಮರಿಗಳು ತಾಯಿ ಹತ್ರ ತುಂಬಾ ಮೆಲ್ಲಗೆ, ಪಿಸುಮಾತಿನ ಹಾಗೆ ಸದ್ದು ಮಾಡ್ತಾವೆ. ಜೋರಾಗಿ ಕೂಗಿದ್ರೆ ಬೇಟೆಗಾರರಿಗೆ ಕೇಳಿಸುತ್ತೆ. ಹಾಲು ಬೇಕು ಅಂದ್ರೆ ತಾಯಿಯ ಮೈಗೆ ಮೈ ಉಜ್ಜುತ್ತವೆ ಅಂತಾರೆ ವಿಜ್ಞಾನಿಗಳು.

ನಮ್ಮ ಪುಟ್ಟಿ ಕಿರುಚಿದ್ರೆ ಮೂರನೇ ಮನೆಗೆ ಕೇಳುತ್ತೆ. ಅವಳಿಗೆ ಶಾರ್ಕ್ ಭಯ ಇಲ್ಲ, ಪುಣ್ಯ.

ಇನ್ನೊಂದು ವಿಷಯ. ನಮ್ಮ ಅರಬ್ಬಿ ಸಮುದ್ರದ ಹಂಪ್‌ಬ್ಯಾಕ್‌ಗಳು ಬೇರೆಯವುಗಳ ಹಾಗೆ ಧ್ರುವದ ಕಡೆ ಹೋಗಲ್ಲ. ವರ್ಷಪೂರ್ತಿ ಇಲ್ಲೇ. ನಮಗೆ ಮಳೆ ತರೋ ಮುಂಗಾರು ಗಾಳಿ, ಸಮುದ್ರದ ತಳದ ಸತ್ವವನ್ನ ಮೇಲಕ್ಕೆ ಎತ್ತಿ ಅವುಗಳಿಗೂ ಊಟ ಹಾಕುತ್ತೆ. ಒಮಾನ್ ತೀರದಲ್ಲಿ ಲೆಕ್ಕ ಹಾಕಿದಾಗ ನೂರಕ್ಕಿಂತ ಕಮ್ಮಿ ಅಂತ ಬಂತು. 1960ರ ದಶಕದಲ್ಲಿ ಸೋವಿಯತ್ ಹಡಗುಗಳು ಕಾನೂನು ಮುರಿದು ಈ ಸಮುದ್ರದಲ್ಲಿ 242 ಹಂಪ್‌ಬ್ಯಾಕ್ ಕೊಂದಿದ್ವು. ಶಾರ್ಕ್ ಅಲ್ಲ, ಮನುಷ್ಯ.

2017ರ ಕೊನೆಯಲ್ಲಿ ಒಮಾನಲ್ಲಿ ಟ್ಯಾಗ್ ಹಾಕಿದ ಒಂದು ಹೆಣ್ಣು ಸಮುದ್ರ ದಾಟಿ ಭಾರತದ ದಕ್ಷಿಣ ತುದಿಯ ಕಡೆ ಈಜಿ ಬಂತು. ಅದರ ಹೆಸರು ಲುಬಾನ್. ಅರಬ್ಬಿಯಲ್ಲಿ ಹಾಗಂದ್ರೆ ಧೂಪ. ನಮ್ಮ ಪಕ್ಕದ ಸಾಬರ ಮನೇಲಿ ಲೋಬಾನ್ ಅಂತಾರಲ್ಲ, ಅದೇ ಪದ. ಇದನ್ನ ಓದಿದ ದಿನ ಸಂಜೆ ಮನೆಗೆ ಹೋದ್ರೆ ಅವ್ವ ಪುಟ್ಟಿಗೆ ಸ್ನಾನ ಮಾಡಿಸಿ ಸಾಂಬ್ರಾಣಿ ಹೊಗೆ ಹಾಕ್ತಿದ್ಲು.

5/9

ಕಾಮೆಂಟಲ್ಲಿ ಹುಡುಗರು ಕೇಳ್ತಿದೀರ, "ಶಾರ್ಕ್ ವರ್ಸಸ್ ತಿಮಿಂಗಿಲ, ಯಾರು ಗೆಲ್ತಾರೆ?" ಐಪಿಎಲ್ ಅಲ್ಲ ಕಣ್ರೋ. ಆದ್ರೂ ಹೇಳ್ತೀನಿ.

ಶಾರ್ಕ್ ತಿಮಿಂಗಿಲವನ್ನ ತಿನ್ನುತ್ತಾ? ತಿನ್ನುತ್ತೆ. ಆದ್ರೆ ಹೆಚ್ಚಾಗಿ ಸತ್ತಮೇಲೆ. ದಕ್ಷಿಣ ಆಫ್ರಿಕಾದ ಫಾಲ್ಸ್ ಬೇ ಅಂತ ಕೊಲ್ಲಿ. ಅಲ್ಲಿ ಸತ್ತು ತೇಲೋ ತಿಮಿಂಗಿಲದ ಹತ್ರ ಬಿಳಿ ಶಾರ್ಕ್‌ಗಳು ಸೇರೋದನ್ನ ವರ್ಷಗಟ್ಟಲೆ ನೋಡಿ 2013ರಲ್ಲಿ ಬರೆದಿದ್ದಾರೆ. ದೊಡ್ಡ ದೊಡ್ಡ ಶಾರ್ಕ್‌ಗಳೇ ಬರ್ತಾವೆ. ಜಗಳ ಕಮ್ಮಿ. ಒಂದೇ ಹೆಣದ ಸುತ್ತ, ಮದುವೆ ಮನೆ ಪಂಕ್ತಿ ಹಾಗೆ. ಮಾಂಸಕ್ಕಿಂತ ಚರ್ಮದ ಕೆಳಗಿನ ಕೊಬ್ಬನ್ನೇ ಆರಿಸಿ ತಿಂತಾವೆ, ಯಾಕಂದ್ರೆ ಶಕ್ತಿ ಇರೋದು ಅದರಲ್ಲಿ. ತಾಯಿ ಹಾಲಾಗಿ ಕರಗಿಸ್ತಿದ್ದ ಅದೇ ಕೊಬ್ಬು.

ಬದುಕಿರೋದನ್ನೂ ಕೊಲ್ಲೋದುಂಟು. 2017ರಲ್ಲಿ ದಕ್ಷಿಣ ಆಫ್ರಿಕಾದಲ್ಲೇ, ಹಗ್ಗದಲ್ಲಿ ಸಿಕ್ಕು ಸೊರಗಿದ್ದ ಒಂದು ಹಂಪ್‌ಬ್ಯಾಕನ್ನ ಒಂದೇ ಬಿಳಿ ಶಾರ್ಕ್ ಕಚ್ಚಿ, ರಕ್ತ ಸೋರಿಸಿ, ಕಾದು, ಕೊನೆಗೆ ಮುಳುಗಿಸಿದ್ದು ಡ್ರೋನಲ್ಲಿ ರೆಕಾರ್ಡ್ ಆಗಿದೆ. ಆ ಹಗ್ಗ ಮನುಷ್ಯರದ್ದು ಅನ್ನೋದನ್ನ ಮರೀಬೇಡಿ.

ನನಗೆ ಇಷ್ಟ ಆದವನು ಬೇರೆ. ಕುಕೀಕಟರ್ ಶಾರ್ಕ್. ಉದ್ದ ಅರ್ಧ ಮೀಟರ್, ನಮ್ಮ ಶಾಲೆ ಸ್ಕೇಲು ಒಂದೂವರೆ ಇಟ್ಟಷ್ಟು. ಇವನು ತಿಮಿಂಗಿಲದ ಮೈಗೆ ತುಟಿ ಅಂಟಿಸಿ, ಕೆಳಗಿನ ಹಲ್ಲು ಊರಿ, ಮೈ ತಿರುಗಿಸಿ ಗುಂಡಗೆ ಒಂದು ತುಂಡು ಕಿತ್ಕೊಂಡು ಓಡ್ತಾನೆ. ಸಂಕ್ರಾಂತಿಗೆ ಅಮ್ಮ ನಿಪ್ಪಟ್ಟನ್ನ ಮುಚ್ಚಳದಲ್ಲಿ ಒತ್ತಿ ತೆಗೀತಾಳಲ್ಲ, ಹಾಗೆ. ತಿಮಿಂಗಿಲ ಸಾಯಲ್ಲ. ಗುಂಡನೆ ಕಲೆ ಉಳಿಯುತ್ತೆ ಅಷ್ಟೇ.

ಅಂದ್ರೆ ಚಿಕ್ಕ ಮೀನೇ ದೊಡ್ಡದನ್ನ ತಿನ್ನುತ್ತೆ. ತುಂಡು ತುಂಡಾಗಿ, ಇಎಂಐ ಲೆಕ್ಕದಲ್ಲಿ.

6/9

ಈಗ ಉಲ್ಟಾ. ತಿಮಿಂಗಿಲ ಶಾರ್ಕನ್ನ ತಿನ್ನುತ್ತಾ?

ಓರ್ಕಾ ತಿನ್ನುತ್ತೆ. ಪೇಪರಲ್ಲಿ ಕೊಲೆಗಾರ ತಿಮಿಂಗಿಲ ಅಂತ ಬರೀತಾರೆ, ಲೆಕ್ಕಕ್ಕೆ ಅದು ಡಾಲ್ಫಿನ್ ಕುಟುಂಬದ್ದು, ಹಲ್ಲಿರೋ ತಿಮಿಂಗಿಲಗಳ ಗುಂಪಿಂದು. 1997ರಲ್ಲಿ ಕ್ಯಾಲಿಫೋರ್ನಿಯಾದ ಫ್ಯಾರಲಾನ್ ದ್ವೀಪಗಳ ಹತ್ರ ಒಂದು ಓರ್ಕಾ ಬಿಳಿ ಶಾರ್ಕನ್ನ ಕೊಂದಿದ್ದನ್ನ ಜನ ಕಣ್ಣಾರೆ ಕಂಡ್ರು. ಆಮೇಲೆ 2017ರಲ್ಲಿ ದಕ್ಷಿಣ ಆಫ್ರಿಕಾದ ಗಾನ್ಸ್‌ಬಾಯ್ ತೀರಕ್ಕೆ ಬಿಳಿ ಶಾರ್ಕ್‌ಗಳ ಹೆಣ ಬಂದು ಬಿದ್ವು. ನೋಡಿದ್ರೆ ಹೆಚ್ಚಿನವುಗಳ ಲಿವರ್ ಇಲ್ಲ. ಮಿಕ್ಕಿದ್ದೆಲ್ಲ ಇದೆ! ಶಾರ್ಕಿನ ಲಿವರ್ ತುಂಬಾ ದೊಡ್ಡದು, ಎಣ್ಣೆ ತುಂಬಿರೋದು. ಓರ್ಕಾಗೆ ಬೇಕಾಗಿದ್ದು ಅದೊಂದೇ. ಬೆನ್ನ ಮೇಲಿನ ರೆಕ್ಕೆ ಬಾಗಿರೋ ಎರಡು ಗಂಡು ಓರ್ಕಾಗಳು ಇದರಲ್ಲಿ ಫೇಮಸ್, ಪೋರ್ಟ್ ಮತ್ತು ಸ್ಟಾರ್‌ಬೋರ್ಡ್ ಅಂತ ಹೆಸರು. 2023ರ ಜೂನಲ್ಲಿ ಸ್ಟಾರ್‌ಬೋರ್ಡ್ ಒಬ್ಬನೇ ಒಂದು ಬಿಳಿ ಶಾರ್ಕ್ ಮರಿಯನ್ನ ಎರಡು ನಿಮಿಷದೊಳಗೆ ಮುಗಿಸಿದ. ಓರ್ಕಾ ಬಂದ ಜಾಗ ಬಿಟ್ಟು ಬಿಳಿ ಶಾರ್ಕ್‌ಗಳು ವಾರಗಟ್ಟಲೆ, ತಿಂಗಳುಗಟ್ಟಲೆ ಓಡಿಹೋಗ್ತಾವೆ.

ಈ ಓರ್ಕಾನೇ ತಿಮಿಂಗಿಲದ ಮರಿಯನ್ನೂ ತಿನ್ನುತ್ತೆ. ಹೆಸರು ಹುಡುಕ್ತಿದ್ರೆ, ನಿಜವಾದ ತಿಮಿಂಗಿಲಗಿಲ ಇದೇ.

ಕೊನೆಗೆ, ಯಾರೂ ಕೊಲ್ಲದೆ ಸತ್ತ ತಿಮಿಂಗಿಲ ಏನಾಗುತ್ತೆ? ತಳಕ್ಕೆ ಮುಳುಗುತ್ತೆ. 1987ರಲ್ಲಿ ಕ್ಯಾಲಿಫೋರ್ನಿಯಾ ಹತ್ರ ಸಾವಿರ ಮೀಟರಿಗೂ ಹೆಚ್ಚು ಆಳದಲ್ಲಿ ವಿಜ್ಞಾನಿಗಳು ಆಕಸ್ಮಿಕವಾಗಿ ಒಂದು ಅಸ್ಥಿಪಂಜರ ಕಂಡ್ರು. ಕತ್ತಲಲ್ಲಿ ಅದರ ಸುತ್ತ ಒಂದು ಊರೇ ಇತ್ತು. ಇಂಥ ಕಡೆ ಮೊದಲು ಆಳದ ಶಾರ್ಕ್‌ಗಳು ಬಂದು ಮಾಂಸ ಹರೀತಾವೆ. ಆಮೇಲೆ ಏಡಿ, ಹುಳ. ಆಮೇಲೆ ಎಲುಬಿನ ಎಣ್ಣೆ ನಂಬ್ಕೊಂಡು ಬದುಕೋ ಬ್ಯಾಕ್ಟೀರಿಯಾ, ಚಿಪ್ಪುಮೀನು. ದಶಕಗಟ್ಟಲೆ ನಡೆಯುತ್ತೆ ಆ ಊಟ.

ನಮ್ಮ ತಾತ ಕೆಜಿಎಫ್ ಗಣೀಲಿ ಕೆಲಸ ಮಾಡ್ತಿದ್ದೋರು. 2001ರ ಫೆಬ್ರವರಿ 28ಕ್ಕೆ ಗಣಿ ಮುಚ್ತು. ಇವತ್ತಿಗೂ ಆ ಊರು ಗಣಿಯ ಎಲುಬಿನ ಸುತ್ತವೇ ಇದೆ. ಅಷ್ಟೇ ಹೇಳಿ ಮುಂದಕ್ಕೆ ಹೋಗ್ತೀನಿ.

7/9

ಇಲ್ಲೀವರೆಗೆ ಓದ್ತಾ ಓದ್ತಾ ಖುಷಿಯಾಗೇ ಇದ್ದೆ. ಬುಧವಾರ ಮಧ್ಯಾಹ್ನ ಕ್ಯಾಂಟೀನಲ್ಲಿ ಕೂತು ಇದನ್ನ ಓದಿದೆ. ಅನ್ನ ಇಳಿಲಿಲ್ಲ.

ಪಾದರಸ. ಗಾಳಿಯಿಂದ, ಕಾರ್ಖಾನೆಯಿಂದ, ಕಲ್ಲಿದ್ದಲು ಸುಟ್ಟ ಹೊಗೆಯಿಂದ ಸಮುದ್ರಕ್ಕೆ ಹೋಗುತ್ತೆ. ನೀರಲ್ಲಿ ಸೂಕ್ಷ್ಮಜೀವಿಗಳು ಅದನ್ನ ಮೀಥೈಲ್ ಪಾದರಸ ಮಾಡ್ತಾವೆ. ಅದು ಮೈಗೆ ಹೋದ್ರೆ ಬೇಗ ಹೊರಗೆ ಬರಲ್ಲ. ಪಾಚಿಯಿಂದ ಹುಳಕ್ಕೆ, ಹುಳದಿಂದ ಸಣ್ಣ ಮೀನಿಗೆ, ಸಣ್ಣ ಮೀನಿಂದ ದೊಡ್ಡ ಮೀನಿಗೆ. ಪ್ರತಿ ಮೆಟ್ಟಿಲಲ್ಲೂ ಸಾಲಕ್ಕೆ ಚಕ್ರಬಡ್ಡಿ ಬೆಳೆದ ಹಾಗೆ ಬೆಳೆಯುತ್ತೆ. ಬಿಕಾಂನವರಿಗೆ ಇದಕ್ಕಿಂತ ಚೆನ್ನಾಗಿ ಹೇಳೋಕಾಗಲ್ಲ.

ಮೇಲಿನ ಮೆಟ್ಟಿಲಲ್ಲಿ ಯಾರಿದ್ದಾರೆ? ಶಾರ್ಕ್. ಅಮೆರಿಕದ ಆಹಾರ ಇಲಾಖೆ ಬಸುರಿ, ಬಾಣಂತಿಯರು ತಿನ್ನಲೇಬಾರದು ಅಂತ ಹಾಕಿರೋ ಮೀನುಗಳ ಪಟ್ಟೀಲಿ ಶಾರ್ಕ್ ಇದೆ.

ತಿಮಿಂಗಿಲದಲ್ಲೂ ಇದೇ ಲೆಕ್ಕ. ಕ್ರಿಲ್ ಸೋಸಿ ತಿನ್ನೋ ಮಹಾಕಾಯದ ಮೈಯಲ್ಲಿ ಪಾದರಸ ಕಮ್ಮಿ. ಅದಕ್ಕಿಂತ ಎಷ್ಟೋ ಚಿಕ್ಕದಾದ, ಮೀನು, ಕಣವೆ ತಿನ್ನೋ ಹಲ್ಲಿನ ತಿಮಿಂಗಿಲದ ಮೈಯಲ್ಲಿ ಜಾಸ್ತಿ. ಫ್ಯಾರೋ ದ್ವೀಪದವರು ನೂರಾರು ವರ್ಷದಿಂದ ಪೈಲಟ್ ತಿಮಿಂಗಿಲ ತಿಂತಾರೆ. 2008ರಲ್ಲಿ ಅಲ್ಲಿನ ಮುಖ್ಯ ವೈದ್ಯರೇ, ಇದು ಇನ್ಮೇಲೆ ಮನುಷ್ಯರ ಊಟಕ್ಕೆ ಯೋಗ್ಯ ಅಲ್ಲ ಅಂದ್ರು. ಅಜ್ಜ-ಅಜ್ಜಿ ಕಾಲದ ಊಟ. ಅಂದ್ರೆ ದೊಡ್ಡದಾ ಚಿಕ್ಕದಾ ಅನ್ನೋದಲ್ಲ, ಯಾರನ್ನ ತಿಂದು ಬೆಳೆದಿದೆ ಅನ್ನೋದು ಮುಖ್ಯ.

ಜಪಾನಿನ ಮಿನಮಾಟಾ ಊರಿನ ಕಥೆ 1956ರಲ್ಲಿ ಹೊರಗೆ ಬಂತು. ಕಾರ್ಖಾನೆಯ ಪಾದರಸ ಕೊಲ್ಲಿಗೆ, ಕೊಲ್ಲಿಯ ಮೀನು ಮನೆಗೆ. ಮೇಲ್ನೋಟಕ್ಕೆ ಚೆನ್ನಾಗಿದ್ದ ಎಷ್ಟೋ ತಾಯಂದಿರಿಗೆ ನರ ಕೆಟ್ಟ ಮಕ್ಕಳು ಹುಟ್ಟಿದ್ವು. ತಾಯಿಯ ಮೈಯಿಂದ ವಿಷ ಮಗುಗೆ ಹೋಗಿತ್ತು.

ನಾನು ತಂದಿದ್ದು ಸಣ್ಣ ಸೊರ. ದೊಡ್ಡ ಶಾರ್ಕಿಗಿಂತ ಇದರಲ್ಲಿ ಕಮ್ಮಿ ಇರುತ್ತೆ ಅಂತ ತಲೆಗೆ ಗೊತ್ತು. ಆದ್ರೆ ಅಕ್ಕ ಭಾನುವಾರ, ಸೋಮವಾರ, ಮಂಗಳವಾರ ಮೂರು ದಿನ ತಿಂದಿದ್ಲು. ಅವ್ವ ಮುಂದಿನ ಭಾನುವಾರಕ್ಕೂ ಹೇಳಿಟ್ಟಿದ್ಲು. ಕೊನೇ ಎರಡು ಪೀರಿಯಡ್ ಬಂಕ್ ಮಾಡಿ ಬಸ್ ಹತ್ತಿದೆ.

8/9

ಮನೆಗೆ ಹೋಗಿ ಅವ್ವಂಗೆ ಎಲ್ಲ ಹೇಳಿದೆ. ಪಾದರಸ, ಜಪಾನು, ಫ್ಯಾರೋ, ಎಲ್ಲ. ತೆಲುಗಲ್ಲಿ ಪಾದರಸ ಅನ್ನೋಕೆ ಹೋಗಿ ತಡವರಿಸಿದೆ. ಅವ್ವ ಪೂರ್ತಿ ಕೇಳಿಸ್ಕೊಂಡು ಒಂದೇ ಮಾತು ಅಂದ್ಲು:

"ನೀದಿ ಬಿಕಾಮಾ, ಡಾಕ್ಟರಾ?"

ಅಕ್ಕ ಮಂಚದ ಮೇಲಿಂದ ನಕ್ಕಳು. ಬಹಳ ದಿನದ ಮೇಲೆ. ಅಷ್ಟಕ್ಕಾದ್ರೂ ನಾನು ಬೈಸ್ಕೊಂಡಿದ್ದು ಸಾರ್ಥಕ.

ಆಮೇಲೆ ನಾನು ಒಂದು ತಪ್ಪು ಮಾಡಿದೆ. "ನಿನ್ನ ಸೊರದಿಂದ ಮಗೂಗೆ ಏನಾದ್ರೂ ಆದ್ರೆ?" ಅಂದ್ಬಿಟ್ಟೆ. ಅವ್ವ ಮಾತಾಡ್ಲಿಲ್ಲ. ಎದ್ದು ಹಿತ್ತಲಿಗೆ ಹೋದ್ಲು. ರಾತ್ರಿ ಊಟಕ್ಕೂ ಬರ್ಲಿಲ್ಲ.

ಅಮ್ಮ ಅಡುಗೆಮನೇಲಿ ಮೆಲ್ಲಗೆ ಹೇಳಿದ್ಲು. ಶ್ರೀನಿವಾಸಪುರದ ಹತ್ರದ ಹಳ್ಳಿ ಅವ್ವಂದು, ಮಾವಿನ ತೋಪಿನ ಮನೆ. ಹದಿನೆಂಟಕ್ಕೆ ಮದುವೆಯಾಗಿ ಕೆಜಿಎಫ್ ಲೈನ್ ಮನೆಗೆ ಬಂದ್ಲು. ಮೊದಲನೇ ಮಗು ಇಪ್ಪತ್ತೊಂದು ದಿನ ಇತ್ತು. ಹಾಲು ಬರ್ಲೇ ಇಲ್ಲ. ತಾತ ಗಣಿ ಒಳಗೆ ಶಿಫ್ಟಲ್ಲಿದ್ದಾಗ ಅದು ಹೋಯ್ತು. ಎರಡನೇ ಹೆರಿಗೆಗೆ ಪಕ್ಕದ ಮನೆಯ ತಮಿಳು ಅಕ್ಕ ರಾಬರ್ಟ್‌ಸನ್‌ಪೇಟೆಯಿಂದ ಪಾಲ್ ಸೊರ ತಂದು, ಬೇಯಿಸಿ, ಮುಳ್ಳು ತೆಗೆದು, ಬೆಳ್ಳುಳ್ಳಿ ಹಾಕಿ ಪುಟ್ಟು ಮಾಡಿ ತಿನ್ನಿಸಿದ್ರು. ಹಾಲು ಬಂತು. ಆ ಮಗು ನಮ್ಮಪ್ಪ.

ಇಷ್ಟು ವರ್ಷ ನಂಗೆ ಗೊತ್ತೇ ಇರ್ಲಿಲ್ಲ.

ಈಗ ಹೇಳಿ, ಇಂಥವಳ ಮುಂದೆ ಅಮೆರಿಕದ ಪಟ್ಟಿ ಹಿಡ್ಕೊಂಡು ನಿಂತ್ರೆ ಹೇಗಿರುತ್ತೆ? ನಾನು ಓದಿದ್ದು ಸುಳ್ಳಲ್ಲ. ಅವಳು ಬದುಕಿದ್ದೂ ಸುಳ್ಳಲ್ಲ.

ಮಾರನೇ ದಿನ ಅಕ್ಕ, ಅವ್ವ, ನಾನು ಮೂರೂ ಜನ ಆಸ್ಪತ್ರೆಗೆ ಹೋದ್ವಿ. ನಾನೇ ಅವ್ವನ್ನ ಬಲವಂತ ಮಾಡಿ ಕರ್ಕೊಂಡು ಹೋಗಿದ್ದು. ಡಾಕ್ಟರಮ್ಮ ಬೈಲಿಲ್ಲ. "ಸಣ್ಣ ಸೊರ ಒಂದೆರಡು ದಿನ ತಿಂದಿದ್ದಕ್ಕೆ ಹೆದರ್ಬೇಡಿ. ಆದ್ರೆ ಮುಂದುವರಿಸ್ಬೇಡಿ, ಪಾದರಸದ ಮಾತು ನಿಜ. ಮೀನು ಬೇಕಂದ್ರೆ ಬೂತಾಯಿ ಥರದ್ದು ಸಣ್ಣದು ತಿನ್ನಿ. ಹಾಲು ಬರೋದು ಮಗು ಚೀಪಿದಷ್ಟು. ಹೊತ್ತು ನೋಡ್ಬೇಡಿ, ಕೇಳಿದಾಗೆಲ್ಲ ಎದೆಗೆ ಹಾಕಿ" ಅಂದ್ರು. ನರ್ಸಮ್ಮ ಮಗೂನ ಹಿಡ್ಕೊಳ್ಳೋ ರೀತಿ ತೋರಿಸ್ಕೊಟ್ರು. ಇಷ್ಟು ದಿನ ಪುಟ್ಟಿ ಬಾಯಿ ಸರಿಯಾಗಿ ಕಚ್ಕೊಳ್ತಾನೇ ಇರ್ಲಿಲ್ಲವಂತೆ.

ಹೊರಗೆ ಬಂದು ಅವ್ವ ಕೇಳಿದ್ಲು, ಮೆತ್ತಗೆ. "ಭಾನುವಾರ ತಂದೆಯಲ್ಲ, ಆ ಸೊರ... ಕಡುಪುತೋ ಉನ್ನಿಂದಾ?" ಬಸುರಿಯಾಗಿತ್ತಾ ಅಂತ. ನಾನು ಮನೇಲಿ ಯಾರಿಗೂ ಹೇಳಿರ್ಲಿಲ್ಲ. ಮಾಂಸ ನೋಡಿದ್ರೇ ಗೊತ್ತಾಗುತ್ತಂತೆ ಅವಳಿಗೆ. ಹೂಂ ಅಂದೆ. ಮತ್ತೆ ಏನೂ ಕೇಳ್ಲಿಲ್ಲ.

9/9

ಕೊನೇದು. ಇದನ್ನ ಅವ್ವಂಗೆ ಹೇಳಿದಾಗ ಇಷ್ಟಪಟ್ಟು ಕೇಳಿದ್ಲು, ಅದಕ್ಕೆ ನಿಮಗೂ.

ತಿಮಿಂಗಿಲ ಶಾರ್ಕ್ ಅಂತ ಒಂದಿದೆ. ಹೆಸರಲ್ಲಿ ತಿಮಿಂಗಿಲ, ಜಾತಿಯಲ್ಲಿ ಶಾರ್ಕ್. ಪ್ರಪಂಚದ ಅತಿ ದೊಡ್ಡ ಮೀನು. ಮೈಮೇಲೆ ರಂಗೋಲಿ ಚುಕ್ಕಿ. ಇಷ್ಟು ದೊಡ್ಡ ಶಾರ್ಕ್ ಏನ್ ತಿನ್ನುತ್ತೆ ಅಂದ್ರೆ, ನೀಲಿ ತಿಮಿಂಗಿಲದ ಹಾಗೇ ನೀರು ಸೋಸಿ ಸಣ್ಣ ಸಣ್ಣ ಜೀವಿ ತಿನ್ನುತ್ತೆ. 1995ರಲ್ಲಿ ತೈವಾನಲ್ಲಿ ಸಿಕ್ಕಿದ ಒಂದು ಬಸುರಿಯ ಹೊಟ್ಟೇಲಿ 300 ಮರಿ ಇದ್ವಂತೆ. ಮುನ್ನೂರು! ಅವ್ವ "ಅಯ್ಯೋ ನಾ ತಲ್ಲಿ" ಅಂದ್ಲು.

ಗುಜರಾತಿನ ತೀರದಲ್ಲಿ ಅದರ ಲಿವರ್ ಎಣ್ಣೆಗೆ, ಮಾಂಸಕ್ಕೆ ಅಂತ ವರ್ಷಕ್ಕೆ ನೂರಾರು ಕೊಲ್ತಿದ್ರು. ದೋಣಿಯ ಮರಕ್ಕೆ ನೀರು ಹತ್ತದಿರಲಿ ಅಂತ ಆ ಎಣ್ಣೆ ಬಳೀತಿದ್ರು. 2001ರಲ್ಲಿ ಸರ್ಕಾರ ಅದನ್ನ ವನ್ಯಜೀವಿ ಕಾಯ್ದೆಯ ಮೊದಲ ಪಟ್ಟಿಗೆ ಸೇರಿಸ್ತು, ಹುಲಿ ಇರೋ ಪಟ್ಟಿಗೆ. ಆದ್ರೆ ಕಾನೂನು ಸಮುದ್ರದ ನಡುವೆ ಯಾರು ನೋಡ್ತಾರೆ? 2004ರಲ್ಲಿ ವನ್ಯಜೀವಿ ಸಂಸ್ಥೆಯವರು, ಅರಣ್ಯ ಇಲಾಖೆಯವರು ಸೇರಿ ರಾಮಕಥೆ ಹೇಳೋ ಮೊರಾರಿ ಬಾಪು ಅವರನ್ನ ಕರ್ಕೊಂಡು ಬಂದ್ರು. ಅವರು ಮೀನುಗಾರರಿಗೆ ಪಾಠ ಮಾಡ್ಲಿಲ್ಲ. ಇವಳು ಹೆರಿಗೆಗೆ ತವರಿಗೆ ಬರೋ ಮಗಳು ಅಂದ್ರು. ವ್ಹಾಲಿ ಅಂತ ಹೆಸರಿಟ್ರು, ಮುದ್ದಿನವಳು ಅಂತ. ಆಮೇಲೆ ಮೀನುಗಾರರು ಸಾವಿರಾರು ರೂಪಾಯಿ ಬಲೆ ಕತ್ತರಿಸಿ ನೂರಾರು ವ್ಹಾಲಿಗಳನ್ನ ಬಿಟ್ಟಿದ್ದಾರೆ. ಕತ್ತರಿಸಿದ ಬಲೆಗೆ ಪರಿಹಾರವೂ ಕೊಡ್ತಾರೆ. ಪ್ರೀತಿ ಒಂದ್ಕಡೆ, ಕ್ಯಾಶ್‌ಫ್ಲೋ ಒಂದ್ಕಡೆ. ಎರಡೂ ಬೇಕು.

ನಾನೂ ಅವ್ವಂಗೆ ಮೊದಲು ಪಾದರಸ ಹೇಳ್ಬಾರ್ದಿತ್ತು. ಪಕ್ಕದಲ್ಲಿ ಕೂತು ಅವಳ ಕಥೆ ಮೊದಲು ಕೇಳ್ಬೇಕಿತ್ತು.

ಅಪ್‌ಡೇಟ್: ಈ ಭಾನುವಾರ ಮನೇಲಿ ನುಗ್ಗೆಸೊಪ್ಪು, ಸಬ್ಬಸಿಗೆ, ರಾಗಿ ಮುದ್ದೆ. ಸೊರ ಇಲ್ಲ. ಸೋಮವಾರ ಪುಟ್ಟಿ ತೂಕ ನೋಡಿದ್ವಿ, ಆಸ್ಪತ್ರೆಗೆ ಹೋದ ದಿನಕ್ಕಿಂತ 130 ಗ್ರಾಂ ಹೆಚ್ಚು. ಅಕ್ಕ ಮಾಲೂರಿಗೆ ತಾನೇ ಫೋನ್ ಮಾಡಿ ಹೇಳಿದ್ಲು.

ಅವ್ವ ಅಂತಾಳೆ, ಅದು ಮೂರು ದಿನ ತಿಂದ ಸೊರದ ಶಕ್ತಿ ಅಂತ. ನರ್ಸಮ್ಮ ಅಂತಾರೆ, ಸರಿಯಾಗಿ ಹಿಡ್ಕೊಂಡಿದ್ದಕ್ಕೆ ಅಂತ. 130 ಗ್ರಾಂ ಕ್ರೆಡಿಟ್ ಯಾರ ಅಕೌಂಟಿಗೆ ಹಾಕೋದು ಅಂತ ನನ್ನ ಬಿಕಾಂ ಹೇಳ್ಕೊಡಲ್ಲ. ನಾನು ಬಾಯಿ ಮುಚ್ಕೊಂಡಿದೀನಿ.

ರಾತ್ರಿ ಎರಡು ಗಂಟೆ ಈಗ. ಪಕ್ಕದ ರೂಮಲ್ಲಿ ಪುಟ್ಟಿ ಹಾಲು ಕುಡಿಯೋ ಸದ್ದು ಕೇಳ್ತಿದೆ. ಬೇರೆ ಸದ್ದಿಲ್ಲ.

ನಿಮ್ಮನೇಲಿ ಬಾಣಂತಿಗೆ ಏನ್ ಕೊಡ್ತಾರೆ? ಶಾರ್ಕಿಗೆ ನಿಮ್ಮೂರಲ್ಲಿ ಏನಂತಾರೆ? ಮಂಗಳೂರು, ಕಾರವಾರದವರು ಇದ್ರೆ ಖಂಡಿತ ಬರೀರಿ. ಗೂಗಲ್ ಬೇಡ, ಅಜ್ಜಿ ಹತ್ರ ಕೇಳಿ ಬರೀರಿ. ಕೇಳುವಾಗ ಪಕ್ಕದಲ್ಲಿ ಕೂತ್ಕೊಳ್ಳಿ.